ಬ್ರೆಜಿಲ್‌ನ ನಟಿ ಫೆರ್ನಾಂಡಾ ಮಾಂಟೆನೆಗ್ರೊ 70ರ ಹತ್ತಿರ ಬಂದಮೇಲಷ್ಟೇ ಹೊರಜಗತ್ತಿಗೆ ಗೊತ್ತಾಗಿದ್ದು ಯಾಕೆ?

ಅವರ ಹೆಚ್ಚಿನ ಕೆಲಸ ನಡೆದದ್ದು ನಾಟಕ ಮತ್ತು ಟಿವಿಯಲ್ಲಿ, ಅದೂ ಪೋರ್ಚುಗೀಸ್ ಭಾಷೆಯಲ್ಲಿ. 1929ರಲ್ಲಿ ರಿಯೋದಲ್ಲಿ ಹುಟ್ಟಿದ ಅವರು 1950ರ ಹೊತ್ತಿಗೇ ರಂಗಕ್ಕೆ ಬಂದರು. ಗಂಡ ಫೆರ್ನಾಂಡೊ ಟೊರೆಸ್ ಮತ್ತು ಗೆಳೆಯರ ಜೊತೆ ಸ್ವಂತ ತಂಡ ಕಟ್ಟಿದರು. ಬ್ರೆಜಿಲ್‌ನಲ್ಲಿ ಅವರು ಮನೆಮಾತು. ಆದರೆ ನಾಟಕ ಆಡಿದ ಊರಲ್ಲೇ ಮುಗಿದುಹೋಗುತ್ತದೆ. ಸಬ್‌ಟೈಟಲ್ ಹಾಕಿದ ಸಿನಿಮಾ ಗಡಿ ದಾಟುತ್ತದೆ, ಅಲ್ವಾ?

1998ರ 'ಸೆಂಟ್ರಲ್ ದೊ ಬ್ರಾಸಿಲ್' ದಾಟಿದ್ದು ಹಾಗೆ. ಅದರಲ್ಲಿ ಅವರು ಡೋರಾ: ರೈಲು ನಿಲ್ದಾಣದಲ್ಲಿ ಓದುಬರಹ ಬಾರದವರಿಗೆ ಕಾಗದ ಬರೆದುಕೊಟ್ಟು, ದುಡ್ಡು ಇಸ್ಕೊಂಡು, ಎಷ್ಟೋ ಸಲ ಅಂಚೆಗೇ ಹಾಕದ ಹೆಂಗಸು. ಬರ್ಲಿನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂತು. ಆಮೇಲೆ ಅತ್ಯುತ್ತಮ ನಟಿ ವಿಭಾಗದಲ್ಲಿ ಆಸ್ಕರ್ ನಾಮನಿರ್ದೇಶನ. ಆ ವಿಭಾಗದಲ್ಲಿ ಬ್ರೆಜಿಲ್‌ಗೆ ಅದೇ ಮೊದಲು. ಗೆಲ್ಲದಿದ್ದದ್ದು ಅನ್ಯಾಯ ಅಂತಲೇ ನನ್ನ ಅನಿಸಿಕೆ. 2025ರಲ್ಲಿ ಅದೇ ನಿರ್ದೇಶಕ ವಾಲ್ಟರ್ ಸಾಲೆಸ್ ಅವರ ಇನ್ನೊಂದು ಚಿತ್ರಕ್ಕೆ ಮಾಂಟೆನೆಗ್ರೊ ಅವರ ಮಗಳು ಫೆರ್ನಾಂಡಾ ಟೊರೆಸ್ ಅದೇ ವಿಭಾಗದಲ್ಲಿ ನಾಮನಿರ್ದೇಶನ ಪಡೆದರು.