ಕ್ಲೌಸ್ ಡೋಲ್ಡಿಂಗರ್ ಯಾರು? ಸಿನಿಮಾ, ಟಿವಿಗೆ ಏನೇನು ಸಂಗೀತ ಕೊಟ್ಟಿದ್ದಾರೆ?

ಡೋಲ್ಡಿಂಗರ್ (1936–2025) ಮೊದಲಿಗೆ ಜಾಝ್ ಸ್ಯಾಕ್ಸೋಫೋನ್ ವಾದಕರು. ಹುಟ್ಟಿದ್ದು ಬರ್ಲಿನ್‌ನಲ್ಲಿ, ಸಂಗೀತ ಕಲಿತದ್ದು ಡ್ಯೂಸೆಲ್‌ಡಾರ್ಫ್‌ನಲ್ಲಿ. 1971ರಲ್ಲಿ ‘ಪಾಸ್‌ಪೋರ್ಟ್’ ಅನ್ನೋ ಬ್ಯಾಂಡ್ ಕಟ್ಟಿದರು.

ಆದರೆ ಜರ್ಮನಿಯಲ್ಲಿ ಮನೆಮನೆಗೂ ಗೊತ್ತಿರೋದು 1970ರಲ್ಲಿ ಶುರುವಾದ ‘ಟಾಟೊರ್ಟ್’ ಪತ್ತೇದಾರಿ ಸರಣಿಯ ಶೀರ್ಷಿಕೆ ಸಂಗೀತ. ಇರೋದು ಅರ್ಧ ನಿಮಿಷ ಅಷ್ಟೇ. ತೆರೆ ಮೇಲೆ ಎರಡು ಕಣ್ಣು, ಗುರಿ ಇಡುವ ಗೆರೆಗಳು, ಆಮೇಲೆ ಓಡುವ ಕಾಲುಗಳು. ಬಾಸ್ ಮತ್ತು ಡ್ರಮ್ಸ್ ಆ ಕಾಲುಗಳನ್ನೇ ಅಟ್ಟಿಸಿಕೊಂಡು ಬಂದ ಹಾಗೆ ಕೇಳಿಸುತ್ತದೆ! ಆ ಡ್ರಮ್ಸ್ ನುಡಿಸಿದವರು ಮುಂದೆ ದೊಡ್ಡ ರಾಕ್ ಗಾಯಕರಾದ ಊಡೊ ಲಿಂಡೆನ್‌ಬರ್ಗ್. ಐವತ್ತು ವರ್ಷ ದಾಟಿದರೂ ಭಾನುವಾರ ರಾತ್ರಿ ಅದೇ ಧಾಟಿ ಬರುತ್ತದೆ.

ನನಗೆ ಜಾಸ್ತಿ ಇಷ್ಟ 1981ರ ‘ದಾಸ್ ಬೋಟ್’ ಸಿನಿಮಾದ ಸಂಗೀತ. ಜಲಾಂತರ್ಗಾಮಿಯೊಳಗಿನ ಉಸಿರುಗಟ್ಟುವ ಕಥೆ ಅದು. ಭಾರವಾದ ಒಂದೇ ರಾಗ ನಿಧಾನಕ್ಕೆ ಮೇಲೇಳುತ್ತದೆ, ಎದೆ ಬಿಗಿಯುತ್ತದೆ. ಹತ್ತು ವರ್ಷದ ಮೇಲೆ ‘ಯು96’ ತಂಡ ಅದಕ್ಕೆ ಟೆಕ್ನೋ (ಎಲೆಕ್ಟ್ರಾನಿಕ್ ನೃತ್ಯ ಸಂಗೀತ) ರೂಪ ಕೊಟ್ಟಿತು, ಅದೂ ಜರ್ಮನಿಯಲ್ಲಿ ನಂಬರ್ ಒನ್ ಆಯಿತು.

ಅವರೇ ಸಂಗೀತ ಕೊಟ್ಟ 1984ರ ‘ದಿ ನೆವರ್‌ಎಂಡಿಂಗ್ ಸ್ಟೋರಿ’ ಸಿನಿಮಾ ನೋಡಿದ್ದರೆ ಒಂದು ಮಾತು. ಹೊರದೇಶದ ಆವೃತ್ತಿಗೆ ಇಟಲಿಯ ಸಂಗೀತ ಸಂಯೋಜಕ ಜಾರ್ಜಿಯೋ ಮೊರೊಡರ್ ಸಂಗೀತವೂ ಸೇರಿತ್ತು. ಪೂರ್ತಿ ಡೋಲ್ಡಿಂಗರ್ ಬೇಕೆಂದರೆ ಜರ್ಮನ್ ಆವೃತ್ತಿಯನ್ನೇ ಹುಡುಕಿ ಕೇಳಿ.