ಸಿನಿಮಾ ಪ್ರಶ್ನೋತ್ತರ: ಬೆಳಗಾವಿಯ ನಂಟಿದ್ದ ಬರ್ಲಿನ್ ಲೇಖಕಿ

ಪ್ರಶ್ನೆ: ಜರ್ಮನ್ ಮೂಕಿಚಿತ್ರ ‘ಮೆಟ್ರೊಪೊಲಿಸ್’ ಎಂದರೆ ಎಲ್ಲರೂ ನಿರ್ದೇಶಕ ಫ್ರಿಟ್ಜ್ ಲಾಂಗ್ ಹೆಸರು ಹೇಳುತ್ತಾರೆ. ಅದನ್ನು ಬರೆದ ಟೆಯಾ ಫಾನ್ ಹಾರ್ಬು ಯಾರು? ಆಕೆ ನಮ್ಮ ಕಡೆಯವರೊಬ್ಬರನ್ನು ಮದುವೆಯಾಗಿದ್ದರಂತೆ, ನಿಜವೇ?
– ಓದುಗರೊಬ್ಬರು, ಬೆಳಗಾವಿ

ಉತ್ತರ: ನಿಜ. ಯಾರಾದರೂ ಈ ಪ್ರಶ್ನೆ ಕೇಳಲಿ ಎಂದು ವರ್ಷಗಳಿಂದ ಕಾದಿದ್ದೆ. ಟೆಯಾ ಹುಟ್ಟಿದ್ದು 1888ರಲ್ಲಿ, ಬವೇರಿಯಾದಲ್ಲಿ. ಮೊದಲು ರಂಗನಟಿ, ಆಮೇಲೆ ಕಾದಂಬರಿಗಾರ್ತಿ. 1922ರಲ್ಲಿ ಲಾಂಗ್ ಅವರನ್ನು ಮದುವೆಯಾದರು. ‘ನಿಬೆಲುಂಗೆನ್’, ‘ಮೆಟ್ರೊಪೊಲಿಸ್’ (1927), ‘ಎಂ’ (1931) ಚಿತ್ರಗಳ ಬರವಣಿಗೆಯಲ್ಲಿ ಅವರ ಕೈಯಿದೆ.

‘ಎಂ’ ಚಿತ್ರದ ಮೊದಲ ಭಾಗವನ್ನು ನಾನು ಎಷ್ಟು ಸಲ ನೋಡಿದ್ದೇನೋ! ತಾಯಿ ಊಟಕ್ಕೆ ತಟ್ಟೆಯಿಟ್ಟು ಮಗಳಿಗಾಗಿ ಕಾಯುತ್ತಾಳೆ. ‘ಎಲ್ಸೀ’ ಎಂದು ಕೂಗುತ್ತಾಳೆ. ಬರಿದಾದ ಮೆಟ್ಟಿಲು, ಮುಟ್ಟದ ತಟ್ಟೆ, ಹುಲ್ಲಿನ ಮೇಲೆ ಉರುಳಿ ಬರುವ ಚೆಂಡು, ತಂತಿಗೆ ಸಿಕ್ಕ ಬಲೂನು. ಮಗಳ ಕೊಲೆಯನ್ನು ತೋರಿಸುವುದೇ ಇಲ್ಲ. ಇಂಥದ್ದನ್ನು ಬರೆಯುವಲ್ಲಿ ಪಾಲಿದ್ದವರನ್ನು ‘ಲಾಂಗ್ ಪತ್ನಿ’ ಎಂದಷ್ಟೇ ಕರೆದರೆ ನನಗೆ ಸಿಟ್ಟು ಬರುತ್ತದೆ.

ಇನ್ನು ನಿಮ್ಮ ಊರಿನ ನಂಟು. ಬೆಳಗಾವಿ ಕಡೆಯ ಪತ್ರಕರ್ತ ಆಯಿ ತೆಂಡೂಲ್ಕರ್ ಆಗ ಬರ್ಲಿನ್‌ನಲ್ಲಿದ್ದರು, ಟೆಯಾಗಿಂತ ಬಹಳ ಚಿಕ್ಕವರು. ಭಾರತೀಯನೊಬ್ಬನನ್ನು ಬಹಿರಂಗವಾಗಿ ವರಿಸಲು ನಾಜಿ ಆಡಳಿತದಲ್ಲಿ ಆಸ್ಪದವಿರಲಿಲ್ಲ. ಮದುವೆ ಗುಟ್ಟಾಗಿ ನಡೆಯಿತು. ಮುಂದೆ ತೆಂಡೂಲ್ಕರ್ ಭಾರತಕ್ಕೆ ಮರಳಿದರು.

ಪ್ರಶ್ನೆ: ಆಕೆ ನಿರ್ದೇಶನವನ್ನೂ ಮಾಡಿದ್ದರೇ?
– ಓದುಗರೊಬ್ಬರು, ಮೈಸೂರು

ಉತ್ತರ: ಮಾಡಿದ್ದರು, ಎರಡೇ ಚಿತ್ರ, ಎರಡೂ 1934ರಲ್ಲಿ ತೆರೆಕಂಡವು. ಒಂದು ಗೆರ್ಹಾರ್ಟ್ ಹೌಪ್ಟ್‌ಮನ್ ಅವರ ನಾಟಕವನ್ನು ಆಧರಿಸಿದ್ದು. ಆಮೇಲೆ ಬರವಣಿಗೆಗೇ ಮರಳಿದರು.

ಪ್ರಶ್ನೆ: ಆಕೆ ನಾಜಿ ಪಕ್ಷದಲ್ಲಿದ್ದರು ಎಂದು ಓದಿದೆ. ಹಾಗಿದ್ದರೂ ಮೆಚ್ಚಬೇಕೇ?
– ಓದುಗರೊಬ್ಬರು, ಧಾರವಾಡ

ಉತ್ತರ: ಇದ್ದರು. 1933ರಲ್ಲಿ ಲಾಂಗ್ ಅವರಿಂದ ವಿಚ್ಛೇದನವಾಯಿತು. ಅವರು ದೇಶ ಬಿಟ್ಟರು, ಈಕೆ ಉಳಿದರು, ನಾಜಿ ಕಾಲದ ಚಿತ್ರಗಳಿಗೆ ಬರೆದರು. ಬರ್ಲಿನ್‌ನಲ್ಲಿದ್ದ ಭಾರತೀಯರಿಗೆ ನೆರವಾಗಲೆಂದೇ ಪಕ್ಷ ಸೇರಿದೆ ಎಂದು ಆಮೇಲೆ ಹೇಳಿಕೊಂಡರು. ನಾನು ಅದನ್ನು ಪೂರ್ತಿ ಒಪ್ಪಲಾರೆ. ಅಷ್ಟು ವರ್ಷಗಳ ದುಡಿಮೆಗೆ ಆ ಒಂದು ಕಾರಣ ಸಾಲದು. ‘ಎಂ’ ಚಿತ್ರದ ಆ ತಾಯಿಯನ್ನೂ ನಾನು ಮರೆಯಲಾರೆ. ಎರಡನ್ನೂ ಹೊತ್ತುಕೊಂಡೇ ಅವರ ಚಿತ್ರಗಳನ್ನು ನೋಡುತ್ತೇನೆ.

ಯುದ್ಧದ ನಂತರ ಬ್ರಿಟಿಷರು ಅವರನ್ನು ಶಿಬಿರದಲ್ಲಿ ಕೂಡಿಹಾಕಿದರು. ಬಿಡುಗಡೆಯಾದ ಮೇಲೆ ಬರ್ಲಿನ್ನಿನ ಅವಶೇಷಗಳ ಇಟ್ಟಿಗೆ ಹೊತ್ತರು. 1954ರಲ್ಲಿ, ಹಿಂದೆ ಲಾಂಗ್ ಜೊತೆ ಬರೆದಿದ್ದ ಹಳೆಯ ಮೂಕಿಚಿತ್ರವೊಂದರ ಪ್ರದರ್ಶನಕ್ಕೆ ಗೌರವ ಅತಿಥಿಯಾಗಿ ಹೋದರು, ಅಲ್ಲಿಂದ ಹೊರಬರುವಾಗ ಬಿದ್ದರು. ಕೆಲವೇ ದಿನಗಳಲ್ಲಿ, ಜುಲೈ 1ರಂದು ತೀರಿಕೊಂಡರು.