ಪುಣೆಯಿಂದ ಗೋವಾಕ್ಕೆ ಹಳ್ಳಿ ದಾರಿ: ದಿನಕ್ಕೆ ಒಂದೇ ಘಾಟ್ ಸಾಕು

ಈ ಗುಂಪಿನಲ್ಲಿ ನಿಮ್ಮ ಪ್ರಶ್ನೆ ಓದಿದೆ. ದಸರಾ ಆದಮೇಲೆ ಪುಣೆಯಿಂದ ಗೋವಾಕ್ಕೆ ಹೋಗಬೇಕು. ಸಣ್ಣ ಕಾರು, ಜೊತೆಗೆ ಅಪ್ಪ-ಅಮ್ಮ, ಕೈಯಲ್ಲಿ ನಾಲ್ಕು ದಿನ. ಹೈವೇ ಬೇಡ, ನಿಧಾನಕ್ಕೆ ಊರು-ಹೊಲ ನೋಡುತ್ತಾ ಹೋಗುವ ದಾರಿ ಬೇಕು ಅಂದಿದ್ದೀರಿ. ಅದಕ್ಕೆ ಒಬ್ಬರು ಇಡೀ ಕೊಂಕಣ ಕರಾವಳಿ ಹಿಡಿದು ಹೋಗಿ ಅಂದರು. ಇನ್ನೊಬ್ಬರು ವಯಸ್ಸಾದವರು ಜೊತೆಗಿದ್ದರೆ ಹೈವೇ ಬಿಡಲೇಬೇಡಿ ಅಂದರು. ನನಗೆ ಎರಡೂ ಒಪ್ಪಿಗೆ ಇಲ್ಲ.

ಕರಾವಳಿ ದಾರಿ ಬಹಳ ಚೆಂದ, ಅದರಲ್ಲಿ ಎರಡು ಮಾತಿಲ್ಲ. ಆದರೆ ಅದು ನಾಲ್ಕು ದಿನದ ದಾರಿ ಅಲ್ಲ. ಅಲ್ಲಿ ಪ್ರತಿ ಖಾಡಿಗೂ (ಸಮುದ್ರದ ನೀರು ಒಳಗೆ ಬರುವ ಹಿನ್ನೀರು) ಇಳಿಯಬೇಕು, ಮತ್ತೆ ಗುಡ್ಡ ಹತ್ತಬೇಕು. ಆಗರದಾಂಡಾ-ದಿಘಿ, ಬಾಗಮಾಂಡ್ಲಾ-ವೇಶ್ವಿ, ದಾಭೋಳ-ಧೋಪಾವೆ, ತವಸಾಳ-ಜಯಗಡ ಹೀಗೆ ಕಾರನ್ನು ಫೆರ್ರಿಗೆ ಹತ್ತಿಸಿ ದಾಟುವ ಜಾಗಗಳೇ ನಾಲ್ಕಿವೆ. ಕಾಯುವುದಕ್ಕೇ ಅರ್ಧ ಹೊತ್ತು ಹೋಗುತ್ತದೆ. ವಾರ ರಜೆ ಇದ್ದಾಗ ಆ ದಾರಿ ಹಿಡಿಯಿರಿ.

ಹಾಗಂತ ಹೈವೇಗೇ ಅಂಟಿಕೊಳ್ಳಬೇಕಾಗಿಲ್ಲ. ಪುಣೆಯಿಂದ ಪಣಜಿಗೆ ನೇರ ದಾರಿ ಸುಮಾರು 450 ಕಿ.ಮೀ. ಅಷ್ಟನ್ನೂ ಹಳ್ಳಿ ರಸ್ತೆಯಲ್ಲೇ ಓಡಿಸುತ್ತೇನೆ ಅಂದರೆ ಮೂರನೇ ದಿನ ಎಲ್ಲರಿಗೂ ಸೊಂಟ ಹಿಡಿಯುತ್ತದೆ. ನಾನು ಮಾಡುವುದು ಇಷ್ಟೇ. ನೋಡುವಂಥದ್ದು ಏನೂ ಇಲ್ಲದ ಕಡೆ ಹೈವೇ ಹಿಡಿದು ಸರಸರ ಮುಗಿಸುತ್ತೇನೆ. ಚೆನ್ನಾಗಿರುವ ಕಡೆ ಒಳದಾರಿಗೆ ಇಳಿಯುತ್ತೇನೆ. ದಿನಕ್ಕೆ ಒಂದೇ ಘಾಟ್. ಸಂಜೆ ಐದಕ್ಕೆ ರೂಮು ಸೇರಿರಬೇಕು. ಈ ಲೆಕ್ಕದಲ್ಲಿ ನಿಮ್ಮ ನಾಲ್ಕು ದಿನ ಹೀಗೆ ಕೂರುತ್ತದೆ.

ಮೊದಲ ದಿನ ವಾಯಿವರೆಗೆ ಮಾತ್ರ. ಬೆಂಗಳೂರು ಹೈವೇಯಲ್ಲಿ ಹೋಗಿ ಕಾಪೂರಹೋಳದಲ್ಲಿ ಬಲಕ್ಕೆ ಭೋರ್ ಕಡೆ ತಿರುಗಿ. ಭೋರ್ ಮುಟ್ಟುವ ಮುಂಚೆ ನೀರಾ ನದಿ ಕೊರಳ ಹಾರದ ಹಾಗೆ ಬಳಸಿಕೊಂಡು ಹೋಗುವ ಜಾಗ ಇದೆ, ನೆಕ್ಲೆಸ್ ಪಾಯಿಂಟ್ ಅಂತಲೇ ಕರೆಯುತ್ತಾರೆ. ಮಳೆ ಮುಗಿದ ಮೇಲೆ ನೀರು ತುಂಬಿರುತ್ತದೆ. ರಸ್ತೆಯ ಅಂಚಿನಲ್ಲಿ ಅಡ್ಡಾದಿಡ್ಡಿ ನಿಲ್ಲಿಸುವವರು ಜಾಸ್ತಿ, ನೀವು ಸ್ವಲ್ಪ ಮುಂದೆ ಹೋಗಿ ಅಗಲ ಇರುವ ಕಡೆ ನಿಲ್ಲಿಸಿ. ಭೋರ್‌ನಿಂದ ಮಹಾಡ್ ಕಡೆಗೆ ಇಳಿಯುವ ವರಂಧಾ ಘಾಟ್ ನೋಡಬೇಕು ಅಂತ ಆಸೆ ಆಗಬಹುದು. ಅಲ್ಲಿ ಗುಡ್ಡ ಕುಸಿದು ರಸ್ತೆ ಬಂದ್ ಆಗುವುದು ಮಾಮೂಲು. ಅಪ್ಪ-ಅಮ್ಮ ಇರುವಾಗ ಬೇಡ. ಭೋರ್‌ನಿಂದ ಮಾಂಢರದೇವಿ ಘಾಟ್ ಹತ್ತಿ ಆ ಕಡೆ ವಾಯಿಗೆ ಇಳಿಯಿರಿ. 40-45 ಕಿ.ಮೀ. ಇರಬಹುದು, ಆದರೆ ಎರಡು ಗಂಟೆ ಇಟ್ಟುಕೊಳ್ಳಿ. ಮೇಲೆ ಕಾಳೂಬಾಯಿ ಗುಡಿ ಇದೆ. ಮಂಗಳವಾರ, ಶುಕ್ರವಾರ ಭಕ್ತರ ಗಾಡಿಗಳು ತುಂಬಿರುತ್ತವೆ, ಆ ದಿನ ಬಿಟ್ಟು ಹೊರಡಿ.

ವಾಯಿಯಲ್ಲಿ ಮಧ್ಯಾಹ್ನ ಊಟ ಮಾಡಿ ಮಲಗಿ ಎದ್ದರೂ ಸಮಯ ಉಳಿಯುತ್ತದೆ. ಕೃಷ್ಣೆಯ ದಂಡೆಯಲ್ಲಿ 1762ರಲ್ಲಿ ಕಟ್ಟಿದ ಢೋಲ್ಯಾ ಗಣಪತಿ ಗುಡಿ ಊರೊಳಗೇ ಇದೆ. ಸಂಜೆ ಮೂರು ಕಿ.ಮೀ. ಆಚೆ ಮೇಣವಲಿಗೆ ಹೋಗಿ. ಪೇಶ್ವೆಗಳ ಮಂತ್ರಿ ನಾನಾ ಫಡಣವೀಸರ ವಾಡೆ, ಅದರ ಹಿಂದೆ ನದಿಗೆ ಇಳಿಯುವ ಕಲ್ಲಿನ ಮೆಟ್ಟಿಲು. 1739ರಲ್ಲಿ ಪೇಶ್ವೆ ಬಾಜಿರಾಯನ ತಮ್ಮ ಚಿಮಾಜಿ ಅಪ್ಪ ಪೋರ್ಚುಗೀಸರಿಂದ ವಸಯಿ ಗೆದ್ದಾಗ ತಂದ ಚರ್ಚಿನ ದೊಡ್ಡ ಗಂಟೆ ಅಲ್ಲಿ ತೂಗುಹಾಕಿದೆ. ಮೆಟ್ಟಿಲು ಎತ್ತರ ಇವೆ, ಮಂಡಿ ನೋವಿದ್ದವರು ಮೇಲೆ ಕಟ್ಟೆಯ ಮೇಲೆ ಕೂತರೂ ನದಿ ಕಾಣುತ್ತದೆ.

ಎರಡನೇ ದಿನ ವಾಯಿಯಿಂದ ಕೊಲ್ಹಾಪುರ, ಹೆಚ್ಚಿನದು ಹೈವೇ. ಇಲ್ಲಿ ಒಳದಾರಿ ಹುಡುಕುವ ಶ್ರಮ ಬೇಡ. ಬೆಳಿಗ್ಗೆ ಬೇಗ ಹೊರಟರೆ ಮಧ್ಯಾಹ್ನ ಖಿದ್ರಾಪುರಕ್ಕೆ ಹೋಗಿ ಬರಬಹುದು. ಕೊಲ್ಹಾಪುರದಿಂದ ಸುಮಾರು 60 ಕಿ.ಮೀ., ನೃಸಿಂಹವಾಡಿ ದಾಟಿ, ಕಬ್ಬಿನ ಗದ್ದೆಗಳ ನಡುವೆ. ಕೃಷ್ಣಾ ತೀರದಲ್ಲಿ ಶಿಲಾಹಾರರ ಕಾಲದ ಕೋಪೇಶ್ವರ ಗುಡಿ. ಮುಂದಿನ ಮಂಟಪಕ್ಕೆ ಚಾವಣಿಯ ನಡುವೆ ದುಂಡಗೆ ತೆರೆದೇ ಬಿಟ್ಟಿದ್ದಾರೆ, ಕೆಳಗೆ ನಿಂತರೆ ಆಕಾಶ ಕಾಣುತ್ತದೆ. ನಮ್ಮವರು ಖಂಡಿತ ನೋಡಬೇಕಾದದ್ದು ಅಲ್ಲಿನ ಶಾಸನಗಳು. ಯಾದವ ಸಿಂಘಣನದು ಒಂದು ಸಂಸ್ಕೃತದಲ್ಲಿದೆ, ಉಳಿದವೆಲ್ಲ ಕನ್ನಡದವು. ನಿಮ್ಮ ತಂದೆ ಹಳಗನ್ನಡ ಓದಿದವರು ಅಂತ ಬರೆದಿದ್ದೀರಲ್ವಾ, ಅವರಿಗೆ ಅರ್ಧ ದಿನ ಸಾಲುವುದಿಲ್ಲ. ಹೋಗಿ ಬಂದು ಕೊಲ್ಹಾಪುರದಲ್ಲೇ ಉಳಿಯಿರಿ.

ಮೂರನೇ ದಿನದ್ದೇ ಈ ಪ್ರವಾಸದ ಜೀವ. ಕೊಲ್ಹಾಪುರದಿಂದ ಗಾರಗೋಟಿ, ಅಲ್ಲಿಂದ ಆಜರಾ, ಆಮೇಲೆ ಅಂಬೋಲಿ. ನಿಪ್ಪಾಣಿವರೆಗೆ ಹೈವೇಯಲ್ಲಿ ಬಂದು ಉತ್ತೂರಿನ ಮೇಲೆ ಆಜರಾ ಸೇರುವ ದಾರಿಯೂ ಇದೆ, ಅದು ಸ್ವಲ್ಪ ಸಲೀಸು. ಆದರೆ ಗಾರಗೋಟಿ ದಾರಿಯಲ್ಲಿ ವೇದಗಂಗಾ ನದಿ, ಕಬ್ಬು, ಭತ್ತ, ಹೆಂಚಿನ ಮನೆಗಳು, ನಿಧಾನಕ್ಕೆ ಹತ್ತಿರ ಬರುವ ಸಹ್ಯಾದ್ರಿ ಎಲ್ಲ ಸಿಗುತ್ತವೆ. ನನ್ನ ಮತ ಇದಕ್ಕೇ.

ಈ ಭಾಗದಲ್ಲಿ ಗುರ್ಹಾಳ ಅಂತ ಬೋರ್ಡು ಕಂಡರೆ, ಅಥವಾ ಗದ್ದೆ ನಡುವೆ ಬಿಳಿ ಹೊಗೆ ಎದ್ದರೆ, ನಿಲ್ಲಿಸಿ. ಅದು ನಮ್ಮ ಆಲೆಮನೆ. ಹಂಗಾಮು ದೀಪಾವಳಿ ಹೊತ್ತಿಗೆ ಜೋರಾಗುತ್ತದೆ, ಕೆಲವರು ಮುಂಚೆಯೇ ಒಲೆ ಹಚ್ಚುತ್ತಾರೆ. ಅಗಲವಾದ ಕಬ್ಬಿಣದ ಕೊಪ್ಪರಿಗೆಯಲ್ಲಿ ಕಬ್ಬಿನ ಹಾಲು ಕುದಿಯುತ್ತಿರುತ್ತದೆ. ಒಬ್ಬ ಕೆಳಗಿನ ಗುಂಡಿಯಲ್ಲಿ ಕೂತು ಒಣಗಿದ ಸಿಪ್ಪೆಯನ್ನು ಒಲೆಗೆ ತಳ್ಳುತ್ತಲೇ ಇರುತ್ತಾನೆ, ಒಂದು ಕ್ಷಣ ಕೈ ಬಿಡುವುದಿಲ್ಲ. ಇನ್ನೊಬ್ಬ ಕಾಡು ಬೆಂಡೆ ಗಿಡದ ಲೋಳೆ ನೀರು ಹಾಕುತ್ತಾನೆ. ಕಸ ಎಲ್ಲ ಕಪ್ಪು ನೊರೆಯಾಗಿ ಮೇಲೆ ಬರುತ್ತದೆ, ಅದನ್ನು ಜಾಲರಿಯಿಂದ ಎತ್ತಿ ಚೆಲ್ಲುತ್ತಾನೆ. ಪಾಕ ಬಂತೋ ಇಲ್ಲವೋ ಅಂತ ನೋಡಲು ಒಂದು ಹನಿಯನ್ನು ತಣ್ಣೀರಿಗೆ ಬಿಟ್ಟು ಬೆರಳಲ್ಲಿ ಉಂಡೆ ಕಟ್ಟಿ ನೋಡುತ್ತಾರೆ. ಬಂದಿದ್ದರೆ ಎಲ್ಲರೂ ಎದ್ದು ಕೊಪ್ಪರಿಗೆಯನ್ನು ಒಟ್ಟಿಗೆ ಬಗ್ಗಿಸುತ್ತಾರೆ. ಆ ಹೊತ್ತಿಗೆ ಮಾತ್ರ ದೂರ ನಿಲ್ಲಿ, ಕಾಲಿಗೆ ಅಡ್ಡ ಬರಬೇಡಿ. ಬಿಸಿ ಬೆಲ್ಲ ಕೊಡುತ್ತಾರೆ, ದುಡ್ಡು ಬೇಡ ಅನ್ನುತ್ತಾರೆ. ಎರಡು ಕಿಲೋ ಬೆಲ್ಲ ಕೊಂಡರೆ ಅವರಿಗೂ ಸಂತೋಷ. ಅಮ್ಮನಿಗೆ ನೆರಳಲ್ಲಿ ಕೂರಲು ಒಂದು ಕುರ್ಚಿ ಕೇಳಿ, ಇಲ್ಲ ಅನ್ನುವವರನ್ನು ನಾನು ಕಂಡಿಲ್ಲ.

ಕಬ್ಬಿನ ಸೀಮೆಯಲ್ಲಿ ಗಾಡಿ ಓಡಿಸುವುದಕ್ಕೆ ಬೇರೆಯೇ ಎಚ್ಚರ ಬೇಕು. ಒಂದು ಟ್ರ್ಯಾಕ್ಟರಿನ ಹಿಂದೆ ಎರಡು ಟ್ರಾಲಿ ಇರುತ್ತವೆ, ಕಬ್ಬು ಎರಡೂ ಕಡೆ ಹೊರಗೆ ಚಾಚಿರುತ್ತದೆ. ಡ್ರೈವರ್ ಹಾಡು ಜೋರಾಗಿ ಹಾಕಿಕೊಂಡಿರುತ್ತಾನೆ, ನಿಮ್ಮ ಹಾರ್ನ್ ಕೇಳಿಸುವುದಿಲ್ಲ. ಏರಿನಲ್ಲಿ ಅವನ ಹಿಂದೆ ಅಂಟಿಕೊಂಡು ಹೋಗಬೇಡಿ. ಭಾರಕ್ಕೆ ಹಿಂದೆ ಜಾರುವುದೂ ಉಂಟು, ಮೂರು-ನಾಲ್ಕು ಕಾರಿನಷ್ಟು ಜಾಗ ಬಿಡಿ. ರಾತ್ರಿ ಹಲವು ಟ್ರಾಲಿಗಳಿಗೆ ಹಿಂದೆ ದೀಪವೇ ಇರುವುದಿಲ್ಲ. ಕತ್ತಲಾದ ಮೇಲೆ ಈ ರಸ್ತೆಗಳಲ್ಲಿ ಇರಬೇಡಿ ಅಂತ ಗಟ್ಟಿಯಾಗಿ ಹೇಳಲು ಇದೇ ಕಾರಣ. ಅಕ್ಟೋಬರದಲ್ಲಿ ಸೋಯಾಬೀನ್ ಕೊಯ್ದು ರಸ್ತೆ ಮೇಲೆ ಹರಡಿರುತ್ತಾರೆ. ದಪ್ಪ ಹಾಸಿದ್ದರೆ ಮೇಲೆ ಹತ್ತಿಸಬೇಡಿ. ಒಣ ಕಡ್ಡಿ ಕಾರಿನ ಕೆಳಗೆ ಸಿಕ್ಕಿಕೊಂಡು ಸೈಲೆನ್ಸರ್ ಬಿಸಿಗೆ ಹೊತ್ತಿಕೊಳ್ಳಬಹುದು. ಇಳಿದು ಕೇಳಿ, ಪಕ್ಕಕ್ಕೆ ಸರಿಸಿ ದಾರಿ ಬಿಡುತ್ತಾರೆ. ಅದು ಅವರ ವರ್ಷದ ದುಡಿಮೆ.

ಆಜರಾದಲ್ಲಿ ಘನಸಾಳ ಅಕ್ಕಿ ಸಿಗುತ್ತದೆ, ಸಣ್ಣ ಕಾಳು, ಒಳ್ಳೆ ಘಮ. 2016ರಲ್ಲಿ ಜಿಐ (ಭೌಗೋಳಿಕ ಗುರುತು) ಮಾನ್ಯತೆ ಬಂದಿದೆ. ಊರಿನ ಪಕ್ಕದಲ್ಲೇ ರಾಮತೀರ್ಥ, ಹಿರಣ್ಯಕೇಶಿ ನದಿ ಬಂಡೆಗಳ ಮೇಲೆ ಧುಮುಕುವ ಜಾಗ. ಅಲ್ಲಿಂದ ಅಂಬೋಲಿ ಸುಮಾರು 35 ಕಿ.ಮೀ. ಸಂಜೆಗೆ ಮುಂಚೆ ಸೇರಿ, ಏಕೆಂದರೆ ಅಕ್ಟೋಬರದಲ್ಲೂ ಅಲ್ಲಿ ಮಂಜು ಇಳಿಯುತ್ತದೆ.

ಅಂಬೋಲಿಯಲ್ಲಿ ಎಲ್ಲರೂ ಜಲಪಾತಕ್ಕೆ ಓಡುತ್ತಾರೆ. ನೀವು ಮೊದಲು ಹಿರಣ್ಯಕೇಶಿ ಹುಟ್ಟುವ ಗುಹೆಗೆ ಹೋಗಿ. ಕಾರು ನಿಲ್ಲಿಸಿ ಸ್ವಲ್ಪ ದೂರ ನಡೆಯಬೇಕು, ಕಷ್ಟ ಇಲ್ಲ. ಮಹಾದೇವನ ಪುಟ್ಟ ಗುಡಿ, ಹಿಂದೆ ಗುಹೆಯೊಳಗಿಂದ ನೀರು ಬಂದು ಕುಂಡಕ್ಕೆ ಬೀಳುತ್ತದೆ. ಈ ನೀರು ಆಜರಾ, ಗಡಹಿಂಗ್ಲಜ ದಾಟಿ ಸಂಕೇಶ್ವರಕ್ಕೆ ಬರುತ್ತದೆ, ಘಟಪ್ರಭೆ ಸೇರಿ ಕೃಷ್ಣೆಗೆ ಹೋಗುತ್ತದೆ. ಅದೇ ಅಂಬೋಲಿಯಲ್ಲಿ ಸ್ವಲ್ಪ ಪಶ್ಚಿಮಕ್ಕೆ ಬಿದ್ದ ಮಳೆ ಘಾಟ್ ಇಳಿದು ಅರಬ್ಬೀ ಸಮುದ್ರ ಸೇರುತ್ತದೆ. ಕೈಯಳತೆಯಲ್ಲಿ ಎರಡು ದಿಕ್ಕು. ಇದನ್ನು ನಿಂತು ನೋಡಿದಾಗ ನನಗಂತೂ ಮೈ ಜುಮ್ಮೆನ್ನುತ್ತದೆ. ಆ ಕುಂಡದಲ್ಲಿ ಒಂದು ಸಣ್ಣ ಮೀನಿದೆ, ಶಿಸ್ಟುರಾ ಹಿರಣ್ಯಕೇಶಿ ಅಂತ ಹೆಸರು. ಅದು ಹೊಸ ಜಾತಿ ಅಂತ ಗೊತ್ತಾಗಿದ್ದು 2020ರಲ್ಲಿ. ಮರುವರ್ಷವೇ ಮಹಾರಾಷ್ಟ್ರ ಸರ್ಕಾರ ಆ ಜಾಗವನ್ನು ಜೀವವೈವಿಧ್ಯ ಪಾರಂಪರಿಕ ತಾಣ ಅಂತ ಘೋಷಿಸಿತು. ದಯವಿಟ್ಟು ನೀರಿಗೆ ಇಳಿಯಬೇಡಿ, ಸೋಪು, ಪ್ಲಾಸ್ಟಿಕ್ ಹತ್ತಿರ ತರಬೇಡಿ.

ನಾಲ್ಕನೇ ದಿನ ಅಂಬೋಲಿ ಘಾಟ್ ಇಳಿದು ಸಾವಂತವಾಡಿ, ಸುಮಾರು 30 ಕಿ.ಮೀ. ಬೆಳಿಗ್ಗೆ ಮಂಜು ಕರಗಿದ ಮೇಲೆ ಹೊರಡಿ. ಇಳಿಯುವಾಗ ಎರಡನೇ ಗೇರಿನಲ್ಲಿ ಇರಿ, ಎಂಜಿನ್ನೇ ಕಾರನ್ನು ಹಿಡಿಯಲಿ. ಬ್ರೇಕನ್ನೇ ಒತ್ತುತ್ತಾ ಇಳಿದರೆ ಅದು ಕಾದು ಹಿಡಿತ ಕಡಿಮೆ ಆಗುತ್ತದೆ. ಸುಟ್ಟ ವಾಸನೆ ಬಂದರೆ ಪಕ್ಕಕ್ಕೆ ನಿಲ್ಲಿಸಿ ಆರಲು ಬಿಡಿ, ನೀರು ಹಾಕಬೇಡಿ. ಆಟೊಮ್ಯಾಟಿಕ್ ಆದರೆ ಮ್ಯಾನುವಲ್ ಮೋಡ್ ಅಥವಾ ಎಲ್‌ಗೆ ಹಾಕಿ. ನ್ಯೂಟ್ರಲ್ ಬೇಡವೇ ಬೇಡ. ಹತ್ತಿ ಬರುವ ಗಾಡಿಗೆ ದಾರಿ ಬಿಡಿ. ತಿರುವಿನಲ್ಲಿ ಎಸ್‌ಟಿ ಬಸ್ಸು (ಮಹಾರಾಷ್ಟ್ರದ ಸರ್ಕಾರಿ ಬಸ್ಸು) ಬಂದರೆ ಅದಕ್ಕೆ ಇಡೀ ರಸ್ತೆ ಬೇಕು, ಮುಂಚೆಯೇ ನಿಂತುಬಿಡಿ.

ಸಾವಂತವಾಡಿಯಲ್ಲಿ ಮೋತಿ ತಲಾವ್ ಕೆರೆ, ಚಿತಾರ ಆಳಿ ಬೀದಿಯ ಮರದ ಆಟಿಕೆ ಅಂಗಡಿ ನೋಡಿಕೊಂಡು ಊಟ ಮುಗಿಸಿ. ಅಲ್ಲಿಂದ ಬಾಂದಾ ಮೇಲೆ ಹೈವೇ ಹಿಡಿದರೆ ಪಣಜಿ 60-65 ಕಿ.ಮೀ. ದೋಡಾಮಾರ್ಗ ಮೇಲೆ ಡಿಚೋಲಿಗೆ ಇಳಿಯುವ ದಾರಿ ಹಸಿರು ಜಾಸ್ತಿ. ಹೊತ್ತಿದ್ದರೆ ಅದನ್ನೇ ಹಿಡಿಯಿರಿ. ಗೋವಾದಲ್ಲಿ ಬೀಚ್ ಬಿಟ್ಟು ಒಂದು ಬೆಳಿಗ್ಗೆ ಹಳೆ ಗೋವಾದಿಂದ ಫೆರ್ರಿಯಲ್ಲಿ ದಿವಾಡಿ ದ್ವೀಪಕ್ಕೆ ಹೋಗಿ. ಕಾರೂ ದಾಟುತ್ತದೆ.

ಇನ್ನು ದಾರಿ ಕಂಡುಹಿಡಿಯುವ ವಿಷಯ. ಮ್ಯಾಪಿನಲ್ಲಿ ಹೈವೇ ಬೇಡ ಅಂತ ಆಯ್ಕೆ ಒತ್ತಬೇಡಿ, ಅದು ಹೊಲದ ದಾರಿಗೂ ಕರೆದುಕೊಂಡು ಹೋಗುತ್ತದೆ. ಭೋರ್, ಮಾಂಢರದೇವಿ, ವಾಯಿ ಅಂತ ಒಂದೊಂದೇ ಊರನ್ನು ನಿಲ್ದಾಣವಾಗಿ ಸೇರಿಸಿ. ಮ್ಯಾಪನ್ನು ಮನೆಯಲ್ಲೇ ಡೌನ್‌ಲೋಡ್ ಮಾಡಿಕೊಳ್ಳಿ, ಘಾಟ್‌ನಲ್ಲಿ ನೆಟ್‌ವರ್ಕ್ ನಂಬಬೇಡಿ. ಅದು ತೋರಿಸುವ ಸಮಯಕ್ಕೆ ಅರ್ಧ ಸೇರಿಸಿ. 40 ಕಿ.ಮೀ.ಗೆ ಎರಡು ಗಂಟೆ ಅಂತ ಅದೇ ಹೇಳುತ್ತಿದ್ದರೆ ರಸ್ತೆ ಕೆಟ್ಟಿದೆ ಅಂತ ಅರ್ಥ. ಅನುಮಾನ ಬಂದ ಕಡೆ ಚಹಾದಂಗಡಿಯಲ್ಲಿ "ಎಸ್‌ಟಿ ಜಾತೇ ಕಾ?" ಅಂತ ಕೇಳಿ. ಆ ದಾರಿಯಲ್ಲಿ ಎಸ್‌ಟಿ ಹೋಗುತ್ತದೆ ಅಂದರೆ ನಿಮ್ಮ ಸಣ್ಣ ಕಾರೂ ಹೋಗುತ್ತದೆ. ಬೈಕಿನವರನ್ನು ಕೇಳಬೇಡಿ, ಅವರಿಗೆ ಎಲ್ಲ ರಸ್ತೆಯೂ ಚೆನ್ನಾಗಿಯೇ ಇರುತ್ತದೆ. ಹಾಲಿನ ಟೆಂಪೋ ಡ್ರೈವರ್ ಸಿಕ್ಕರೆ ಅವನಷ್ಟು ಸರಿಯಾಗಿ ಗುಂಡಿ ಲೆಕ್ಕ ಹೇಳುವವರು ಯಾರೂ ಇಲ್ಲ.

ಸ್ಟೆಪ್ನಿಯಲ್ಲಿ ಗಾಳಿ ಇದೆಯಾ ನೋಡಿಕೊಳ್ಳಿ, ಜಾಕ್ ತೆಗೆದು ಒಮ್ಮೆ ಪರೀಕ್ಷಿಸಿ. ಪೆಟ್ರೋಲು ತಾಲೂಕು ಊರುಗಳಲ್ಲೇ ಹಾಕಿಸಿ, ಅರ್ಧ ಟ್ಯಾಂಕಿಗಿಂತ ಕೆಳಗೆ ಇಳಿಸಬೇಡಿ. ಸ್ವಲ್ಪ ಚಿಲ್ಲರೆ ನೋಟು ಇರಲಿ.

ಅಪ್ಪ-ಅಮ್ಮನ ಅನುಕೂಲದ ವಿಷಯ ಯಾರೂ ಬಿಡಿಸಿ ಬರೆದಿಲ್ಲ, ಅದಕ್ಕೆ ಹೇಳುತ್ತೇನೆ. ಹಳ್ಳಿ ದಾರಿಯಲ್ಲಿ ದೊಡ್ಡ ತೊಂದರೆ ಎಂದರೆ ಶೌಚಾಲಯ. ಅಮ್ಮಂದಿರು ಅದಕ್ಕೇ ಹೆದರಿ ನೀರು ಕುಡಿಯುವುದೇ ಬಿಡುತ್ತಾರೆ. ದಿನದ ದಾರಿಯಲ್ಲಿ ಎರಡು ಜಾಗ ಮುಂಚೆಯೇ ಗುರುತು ಮಾಡಿ ಅವರಿಗೆ ಹೇಳಿಬಿಡಿ. ತಾಲೂಕು ಊರಿನ ಒಳ್ಳೆ ಖಾನಾವಳಿ, ದೊಡ್ಡ ಪೆಟ್ರೋಲ್ ಬಂಕ್, ಹೀಗೆ. ತಿರುವು ಇರುವ ದಾರಿಯಲ್ಲಿ ವಾಂತಿ ಬರುವವರನ್ನು ಮುಂದೆ ಕೂರಿಸಿ. ಮಾತ್ರೆ ಇದ್ದರೆ ಘಾಟ್ ಶುರುವಾದ ಮೇಲಲ್ಲ, ಅದಕ್ಕೂ ಅರ್ಧ-ಮುಕ್ಕಾಲು ಗಂಟೆ ಮುಂಚೆ. ಯಾವ ಮಾತ್ರೆ ಅಂತ ಅವರ ಡಾಕ್ಟರನ್ನೇ ಕೇಳಿ, ಬಿಪಿ-ಶುಗರ್ ಔಷಧಿ ನಡೆಯುತ್ತಿದ್ದರೆ ಇನ್ನೂ ಮುಖ್ಯ. ಒಂದೂವರೆ ಗಂಟೆಗೊಮ್ಮೆ ಇಳಿಸಿ ಹತ್ತು ಹೆಜ್ಜೆ ನಡೆಸಿ.

ಗೋವಾದಿಂದ ಅವರನ್ನು ಧಾರವಾಡಕ್ಕೆ ಬಿಡಬೇಕು ಅಂದಿದ್ದೀರಿ. ಮೊಲೆಂ, ಅನ್ಮೋಡ್, ರಾಮನಗರ, ಅಳ್ನಾವರ ಮೇಲೆ ಹೋದರೆ ಬಹುಪಾಲು ಕಾಡಿನ ದಾರಿ. ಹೋಗುವಾಗ ತಾಂಬಡಿ ಸುರ್ಲಾದ ಕದಂಬರ ಕಾಲದ ಮಹಾದೇವ ಗುಡಿ ನೋಡಬಹುದು. ಅನ್ಮೋಡ್ ಘಾಟ್‌ನಲ್ಲೂ ಬೆಳಗಾವಿ ಕಡೆಗೆ ಹೋಗುವ ಚೋರ್ಲಾ ಘಾಟ್‌ನಲ್ಲೂ ಮಳೆಗಾಲಕ್ಕೆ ರಸ್ತೆ ಹಾಳಾಗುತ್ತದೆ, ಎರಡರಲ್ಲಿ ಯಾವುದು ಸರಿ ಇದೆ ಅಂತ ಹಿಂದಿನ ದಿನ ಹೋಟೆಲಿನವರನ್ನು ಕೇಳಿಯೇ ಹೊರಡಿ. ನಿಮ್ಮ ತಾರೀಕು ಗಟ್ಟಿಯಾದರೆ ಇಲ್ಲೇ ಹಾಕಿ. ಆ ವಾರ ಆ ಕಡೆಯಿಂದ ಬಂದವರು ಈ ಗುಂಪಿನಲ್ಲಿ ಯಾರಾದರೂ ಇದ್ದೇ ಇರುತ್ತಾರೆ, ರಸ್ತೆ ಹೇಗಿದೆ ಅಂತ ತಿಳಿಸುತ್ತಾರೆ.